ಗಂಟು ಬಿಚ್ಚದ ಡಬ್ಬಿ

ಇದನ್ನ ಯಾರ ಹತ್ರಾನೂ ಹೇಳಬೇಡ ಅಂತ ಮಾಮಿ ಹೇಳಿದ್ರು. ಹೇಳಿದ್ರೆ ಆ ಹೆಂಗಸು ಯಾರು ಅಂತ ಕೇಳ್ತಾರೆ, ಆಗ ನೀನು ಸುಳ್ಳು ಹೇಳಬೇಕಾಗುತ್ತೆ ಅಂದ್ರು. ನಾನು ಆಯ್ತು ಅಂದೆ. ಇವತ್ತು ಮೊದಲನೇ ಸಲ ಹೇಳ್ತಾ ಇದೀನಿ.

ಪ್ರಶ್ನೆ ಕೇಳಿದ್ದು ನಾನೇ.

"ಮಾಮಿ, ನೀವು ತಿನ್ನದೇ ಇರೋ ತಿಂಡಿ ಚೆನ್ನಾಗಿ ಬಂದಿದೆ ಅಂತ ನಿಮಗೆ ಹೇಗೆ ಗೊತ್ತಾಗುತ್ತೆ?"

ಮಾಮಿ ಹೆಸರು ವಕುಳಮ್ಮ. ಮೈಸೂರಿನ ಚಾಮರಾಜಪುರಂನಲ್ಲಿ ಮನೆ. ಶನಿವಾರ ಮಧ್ಯಾಹ್ನ ಮನೆಯಲ್ಲೇ ಕೇಕು, ಬನ್ನು, ಬೆಣ್ಣೆ ಬಿಸ್ಕತ್ತು ಮಾಡೋದು ಕಲಿಸ್ತಾರೆ. ನಾವು ಐದು ಜನ ಹೋಗ್ತೀವಿ. ಮಿಕ್ಕ ನಾಲ್ಕು ಜನ ಮದುವೆ ಆದೋರು. ನಾನು ಫಸ್ಟ್ ಪಿಯು. ಯಾವಾಗಲೂ ಪುಸ್ತಕ ಹಿಡ್ಕೊಂಡು ಕೂತಿರ್ತಾಳೆ, ನಾಲ್ಕು ಜನರ ಮುಂದೆ ಬಾಯಿ ಬಿಡೋದಾದ್ರೂ ಕಲೀಲಿ ಅಂತ ಅಮ್ಮ ಸೇರಿಸಿದ್ರು. ಮೊಟ್ಟೆ ಹಾಕದೆ ಕೇಕು ಮಾಡೋದು ಕಲ್ತೆ. ಬಾಯಿ ಬಿಡೋದು ಕಲೀಲಿಲ್ಲ.

ಐದು ಗಂಟೆಗೆ ಕ್ಲಾಸ್ ಮುಗಿಯುತ್ತೆ. ಅಪ್ಪ ಕರ್ಕೊಂಡು ಹೋಗೋಕೆ ಬರೋದು ಆರಕ್ಕೆ. ಆ ಒಂದು ಗಂಟೆಯಲ್ಲಿ ಮಾಮಿ ಇನ್ನೊಂದು ಟ್ರೇ ಬಿಸ್ಕತ್ತು ಮಾಡ್ತಾರೆ. ಅದನ್ನ ಕ್ಲಾಸಲ್ಲಿ ಕಲಿಸಲ್ಲ. ಚೀಸ್ ಹಾಕಿದ ಖಾರದ ಬಿಸ್ಕತ್ತು, ಮೇಲೆ ಬೆಳ್ಳುಳ್ಳಿ ಬೆಣ್ಣೆ ಸವರೋದು.

ಮಾಮಿ ಮನೆಯಲ್ಲಿ ಬೆಳ್ಳುಳ್ಳಿ ತಿನ್ನಲ್ಲ. ಅದಕ್ಕೇ ಈ ಕೆಲಸ ಎಲ್ಲ ಹಿತ್ತಲಿನ ಕಡೆ ವರಾಂಡದಲ್ಲಿ. ಅಲ್ಲೇ ಒಂದು ಬೇರೆ ಓವನ್, ಬೇರೆ ಗ್ಯಾಸ್ ಒಲೆ, ಬೇರೆ ಚಾಕು, ಬೇರೆ ಮಣೆ. ಅಲ್ಲಿಂದ ಏನೂ ಒಳಗೆ ಹೋಗಲ್ಲ. ಕೆಲಸ ಮುಗಿದ ಮೇಲೆ ಮಾಮಿ ಹಿತ್ತಲಿನ ಬಚ್ಚಲಿಗೆ ಹೋಗಿ ತಲೆ ಮೇಲೆ ನೀರು ಹಾಕ್ಕೊಂಡೇ ಒಳಗೆ ಕಾಲಿಡೋದು.

ಮೊದಲನೇ ಶನಿವಾರ ಒಂದು ಬಿಸ್ಕತ್ತು ತಟ್ಟೆಗೆ ಹಾಕಿ ನನ್ನ ಮುಂದೆ ಇಟ್ಟು, "ತಿಂದು ಹೇಳು. ನಿಂದು ಸುಳ್ಳು ಹೇಳೋ ಮುಖ ಅಲ್ಲ," ಅಂದ್ರು.

ತಿಂದೆ. ಪದರ ಪದರವಾಗಿ ಬಿಡ್ತಿತ್ತು. ಉಪ್ಪು ಸರಿಯಾಗಿತ್ತು. ನುಂಗಿದ ಮೇಲೆ ನಾಲಿಗೆ ಬುಡದಲ್ಲಿ ಕಹಿ ಉಳೀತು.

"ಚೆನ್ನಾಗಿದೆ ಮಾಮಿ," ಅಂದೆ.

ಅವರು ಸ್ವಲ್ಪ ಹೊತ್ತು ನನ್ನ ಮುಖಾನೇ ನೋಡಿದ್ರು. ಆಮೇಲೆ ಸರಿ ಅಂದ್ರು.

ಕಹಿ ಎಲ್ಲಿಂದ ಬಂತು ಅಂತ ನಂಗೆ ಗೊತ್ತಿತ್ತು. ಬೆಳ್ಳುಳ್ಳಿಯನ್ನ ಬೆಳ್ಳಗಿರೋವಾಗಲೇ ಒಲೆಯಿಂದ ಇಳಿಸಬೇಕು, ಕೆಂಪಾದ್ರೆ ಕಹಿಯಾಗುತ್ತೆ ಅಂತ ಲೈಬ್ರರಿಯ ಒಂದು ಅಡುಗೆ ಪುಸ್ತಕದಲ್ಲಿ ಓದಿದ್ದೆ. ಮಾಮಿ ರುಚಿ ನೋಡಲ್ಲ, ವಾಸನೆ ನೋಡ್ತಾರೆ. ಬೆಳ್ಳುಳ್ಳಿ ಘಮ ಪೂರ್ತಿ ಬರೋದು ಅದು ಕೆಂಪಾದಾಗ. ಮೂಗು ಈಗ ಸರಿ ಅನ್ನೋ ಹೊತ್ತಿಗೆ ಬಾಯಿಗೆ ಕೆಟ್ಟು ಹೋಗಿರುತ್ತೆ.

ಗೊತ್ತಿದ್ದೂ ಹೇಳಲಿಲ್ಲ. ಎರಡನೇ ಶನಿವಾರಾನೂ ಚೆನ್ನಾಗಿದೆ ಅಂದೆ. ಮೂರನೇ ವಾರ ಹೇಳೋಣ ಅಂತಿದ್ದೆ. ಎರಡು ವಾರ ಯಾಕೆ ಹೇಳಲಿಲ್ಲ ಅಂತ ಕೇಳಿದ್ರೆ ಏನು ಹೇಳೋದು ಅಂತ ಸುಮ್ಮನಾದೆ. ಆರನೇ ಶನಿವಾರ ಆ ಪ್ರಶ್ನೆ ಕೇಳಿದೆ. ಹಾಗೆ ಕೇಳಿದ್ರೆ ಮಾಮಿನೇ "ಯಾಕೆ, ಏನಾದ್ರೂ ಕೆಟ್ಟಿದೆಯಾ?" ಅಂತಾರೆ, ಆಗ ಹೂಂ ಅಂದ್ರೆ ಸಾಕು ಅಂದ್ಕೊಂಡಿದ್ದೆ.

ಮಾಮಿ ಹಾಗೆ ಕೇಳಲಿಲ್ಲ. ಟ್ರೇಯನ್ನ ಓವನ್ ಒಳಗಿಟ್ಟು ಬಾಗಿಲು ಹಾಕಿದ್ರು. ಸ್ಟೂಲ್ ಎಳ್ಕೊಂಡು ಕೂತ್ಕೊಂಡು ಬೆಳ್ಳುಳ್ಳಿ ಸಿಪ್ಪೆ ಬಿಡಿಸೋಕೆ ಶುರು ಮಾಡಿದ್ರು. ಸಿಪ್ಪೆ ಬಿಡಿಸ್ತಾ ಒಂದು ಕತೆ ಹೇಳಿದ್ರು. ಅವರು ಹೇಳಿದ ಹಾಗೇ ಹೇಳ್ತೀನಿ.

ಒಂದು ಊರಲ್ಲಿ ಒಬ್ಬ ಹೆಂಗಸು ಇದ್ದಳು. ಅವಳ ಮನೆಯಲ್ಲಿ ಬೆಳ್ಳುಳ್ಳಿ ತಿನ್ನೋ ಹಾಗಿರಲಿಲ್ಲ. ಅವಳಿಗೆ ಒಬ್ಬಳೇ ಮಗಳು. ಮಗಳು ತಾನೇ ಮೆಚ್ಚಿ, ಬೆಳ್ಳುಳ್ಳಿ ತಿನ್ನೋ ಮನೆಗೆ ಸೊಸೆಯಾಗಿ ಹೋದಳು.

ತಾಯಿ ಪ್ರತಿ ತಿಂಗಳು ಒಂದು ಡಬ್ಬಿ ತಿಂಡಿ ಕಳಿಸ್ತಿದ್ದಳು. ಕೋಡುಬಳೆ ಕಳಿಸಿದಳು. ತೇಂಗೊಳಲು ಕಳಿಸಿದಳು. ಆ ಮನೆಯವರು ಮರ್ಯಾದೆಗೆ ಒಂದೊಂದು ತಿಂದು ಡಬ್ಬಿ ಮುಚ್ಚಿಡ್ತಿದ್ರು. ಅದು ತಾಯಿಗೆ ಗೊತ್ತಾಯ್ತು. ಅವಳಿಗೆ ಅದೇ ಒಂದು ಕೊರಗಾಯ್ತು. ತನ್ನ ಕೈಯಿಂದ ಹೋದ ಒಂದಾದ್ರೂ ವಸ್ತುವನ್ನ ಆ ಮನೆಯವರು ಆಸೆಪಟ್ಟು ತಿನ್ನಬೇಕು. ತಿಂದು ಇನ್ನೊಂದು ಕೇಳಬೇಕು. ಅಷ್ಟಾದ್ರೆ ಮಗಳು ಆ ಮನೆಯಲ್ಲಿ ತಲೆಯೆತ್ತಿ ಇರ್ತಾಳೆ ಅಂತ ಅವಳ ಯೋಚನೆ.

ಅಳಿಯನಿಗೆ ಚೀಸ್ ಬಿಸ್ಕತ್ತು ಇಷ್ಟ, ಮೇಲೆ ಬೆಳ್ಳುಳ್ಳಿ ಬೆಣ್ಣೆ ಇರಬೇಕು ಅಂತ ಮಗಳು ಒಂದು ದಿನ ಫೋನಲ್ಲಿ ಮಾತಿಗೆ ಹೇಳಿದಳು. ತಾಯಿ ಹಿತ್ತಲಲ್ಲಿ ಬೇರೆ ಒಲೆ ಹೂಡಿದಳು.

ಬಿಸ್ಕತ್ತು ಮಾಡೋದು ಅವಳಿಗೆ ಗೊತ್ತಿತ್ತು. ತಣ್ಣನೆ ಬೆಣ್ಣೆಯನ್ನ ಬೆರಳ ತುದಿಯಲ್ಲಿ ಮೈದಾಕ್ಕೆ ಉಜ್ಜಬೇಕು. ಚೀಸ್ ತುರಿದು ಹಾಕಬೇಕು. ಮಜ್ಜಿಗೆ ಹಾಕಿ ಕೂಡಿಸಬೇಕು, ಚಪಾತಿ ಹಿಟ್ಟಿನ ಹಾಗೆ ನಾದಬಾರದು. ಅದೆಲ್ಲ ಕೈಗೆ ಬಂತು. ಮೇಲಿನ ಬೆಳ್ಳುಳ್ಳಿ ಬೆಣ್ಣೆ ಮಾತ್ರ ಕೈಗೆ ಸಿಗದ ವಿಷಯ. ಅದನ್ನ ಬಾಯಿಗೆ ಹಾಕೋ ಹಾಗಿಲ್ಲ. ಅವಳು ಎದುರು ಮನೆ ಹೆಂಗಸನ್ನ ಕರೆದಳು.

ಎದುರು ಮನೆಯವಳು ಎಲ್ಲಾ ತಿನ್ನೋಳು. ಬಾಯಿಗೆ ಬಂದಿದ್ದು ಹೇಳೋಳು. ಮೊದಲನೇ ಬಿಸ್ಕತ್ತು ಕಚ್ಚಿ, "ಇದೇನ್ರೀ, ಉಪ್ಪು ಹಾಕೋ ಹೊತ್ತಿಗೆ ಯಾರಾದ್ರೂ ಕರೆದ್ರಾ?" ಅಂದಳು.

ಮುಂದಿನ ವಾರ, "ಬೆಳ್ಳುಳ್ಳಿ ಹಸಿ ಇದೆ. ಇದನ್ನ ತಿಂದು ನಿಮ್ಮ ಅಳಿಯ ಆಫೀಸಿಗೆ ಹೋದ್ರೆ ಅವನ ಪಕ್ಕದ ಕುರ್ಚಿಯವರು ರಜಾ ಹಾಕ್ತಾರೆ," ಅಂದಳು.

ಅದರ ಮುಂದಿನ ವಾರ, "ನಾನು ತಿಂದೆ, ಪರವಾಗಿಲ್ಲ. ನಮ್ಮ ನಾಯಿ ಮೂಸಿ ಆ ಕಡೆ ಹೋಯ್ತು. ನೀವು ಅದನ್ನೂ ಲೆಕ್ಕಕ್ಕೆ ತಗೊಳ್ಳಿ," ಅಂದಳು.

ಹೆಂಗಸಿಗೆ ಸಿಟ್ಟು ಬರ್ತಿತ್ತು. ಆದ್ರೂ ಹೇಳಿದ್ದನ್ನ ತಿದ್ದಿಕೊಳ್ತಿದ್ದಳು. ಎಂಟನೇ ವಾರ ಎದುರು ಮನೆಯವಳು ಏನೂ ಹೇಳದೆ ಮೂರು ಬಿಸ್ಕತ್ತು ತಿಂದಳು. ನಾಲ್ಕನೆಯದನ್ನ ಸೆರಗಲ್ಲಿ ಕಟ್ಟಿಕೊಂಡಳು. ಅವತ್ತು ಹೆಂಗಸು ಡಬ್ಬಿ ತುಂಬಿದಳು. ಮುಚ್ಚಳದ ಮೇಲೆ ಬಿಳಿ ಬಟ್ಟೆ ಹಾಕಿ, ಬಾಳೆನಾರಿಂದ ಬಿಗಿದು, ಹೂ ಕಟ್ಟೋ ಗಂಟು ಹಾಕಿ ಕಳಿಸಿದಳು.

ನಾಲ್ಕು ದಿನಕ್ಕೆ ಅಳಿಯನೇ ಫೋನ್ ಮಾಡಿದ. "ಅತ್ತೆ, ಮುಂದಿನ ಸಲ ಎರಡು ಡಬ್ಬಿ ಕಳಿಸಿ. ಇಲ್ಲಿ ಜಗಳ ಆಗ್ತಿದೆ," ಅಂದ. ಹೆಂಗಸು ಫೋನ್ ಇಟ್ಟು ಇನ್ನೊಂದು ಡಬ್ಬಿ ಹುಡುಕಿ ತೊಳೆದಿಟ್ಟಳು.

ಒಂದು ವರ್ಷ ಹಾಗೇ ನಡೀತು.

ಒಂದು ದಿನ ಬೀಗಿತ್ತಿ ಮನೆಗೆ ಬಂದಳು. ಮಗಳ ಅತ್ತೆ. ಹೆಂಗಸು ಹಿತ್ತಲಿನ ವರಾಂಡದಲ್ಲಿ ಕುರ್ಚಿ ಹಾಕಿ ಕೂರಿಸಿ ಬಿಸಿ ಬಿಸ್ಕತ್ತು ತಂದಿಟ್ಟಳು. ಅದೇ ಹೊತ್ತಿಗೆ ಎದುರು ಮನೆಯವಳೂ ಬಂದಳು. ಯಾವಾಗಲೂ ಬರೋ ಹಾಗೇ ಬಂದು, ತಟ್ಟೆಯಿಂದ ಒಂದು ತಗೊಂಡು ಕಚ್ಚಿದಳು.

"ಇವತ್ತಿಂದು ಕೆಟ್ಟಿದೆ. ಇದನ್ನ ಬೀಗರಿಗೆ ಕೊಡಬೇಡಿ," ಅಂದಳು.

ಬೀಗಿತ್ತಿ ಕೈಯಲ್ಲಿದ್ದ ಬಿಸ್ಕತ್ತನ್ನ ತಟ್ಟೆಯಲ್ಲಿಟ್ಟಳು. ಇಟ್ಟು ನಕ್ಕಳು.

ಏನು ಕೆಟ್ಟಿದೆ ಅಂತ ಎದುರು ಮನೆಯವಳು ಹೇಳೋಕೆ ಮುಂಚೆ ಹೆಂಗಸು ತಟ್ಟೆ ಎತ್ತಿಕೊಂಡು ಹೋದಳು. ಸಂಜೆ ಬೀಗಿತ್ತಿ ಹೊರಟ ಮೇಲೆ ರಸ್ತೆ ದಾಟಿ ಎದುರು ಮನೆಗೆ ಹೋದಳು.

"ರುಚಿ ನೋಡಿ ಅಂತ ನಿಮ್ಮನ್ನ ಕರೆದಿದ್ದು. ಬಂದೋರ ಮುಂದೆ ನನ್ನ ಮರ್ಯಾದೆ ತೆಗೀರಿ ಅಂತ ಕರೀಲಿಲ್ಲ," ಅಂದಳು.

ಎದುರು ಮನೆಯವಳು, "ಸರಿ," ಅಂದಳು.

ಮುಂದಿನ ವಾರ ಹೆಂಗಸು ಕರೆದಳು. ಎದುರು ಮನೆಯವಳು ಬಂದಳು. ಒಂದು ಬಿಸ್ಕತ್ತು ತಿಂದಳು. ಕೈ ಒರೆಸಿಕೊಂಡು, "ಚೆನ್ನಾಗಿದೆ," ಅಂದಳು. ಮನೆಗೆ ಹೋದಳು.

ಅದರ ಮುಂದಿನ ವಾರಾನೂ ಚೆನ್ನಾಗಿದೆ ಅಂದಳು. ಹೆಂಗಸಿಗೆ ಸಮಾಧಾನ ಆಯ್ತು. ಕೈ ಪಳಗಿದೆ, ಇನ್ನು ಯಾರ ಬಾಯಿಗೂ ಕಾಯಬೇಕಾಗಿಲ್ಲ ಅಂದ್ಕೊಂಡಳು. ಮೂಗು ಹೇಳಿದ ಹಾಗೆ ಮಾಡಿದಳು. ಮನೆ ಮುಂದೆ ಹೋಗೋರು ಒಳ್ಳೆ ಘಮ ಬರ್ತಿದೆ ಅಂತಿದ್ರು. ಇನ್ನೂ ಸ್ವಲ್ಪ ಘಮ ಬರ್ಲಿ ಅಂತ ಒಲೆ ಮೇಲೆ ಇನ್ನೂ ಸ್ವಲ್ಪ ಹೊತ್ತು ಬಿಟ್ಟಳು.

ಇಲ್ಲಿಗೆ ಬರೋ ಹೊತ್ತಿಗೆ ಮಾಮಿ ಬೆಳ್ಳುಳ್ಳಿ ಹೆಚ್ಚಿ ಮುಗಿಸಿದ್ರು. ಬಾಣಲೆಗೆ ಬೆಣ್ಣೆ ಹಾಕಿ, ಬೆಳ್ಳುಳ್ಳಿ ಹಾಕಿ, ಒಲೆ ಸಣ್ಣ ಮಾಡಿದ್ರು. ಒಲೆಗೆ ಬೆನ್ನು ಮಾಡಿ ಕೂತ್ಕೊಂಡ್ರು. ಬಾಣಲೆ ನಂಗೆ ಕಾಣ್ತಿತ್ತು, ಅವರಿಗೆ ಕಾಣ್ತಿರಲಿಲ್ಲ. ಬೆಳ್ಳುಳ್ಳಿ ಬೆಳ್ಳಗಿತ್ತು. ಮಾಮಿ ಕತೆ ಮುಂದುವರಿಸಿದ್ರು.

ತಿಂಗಳಿಗೆ ಎರಡು ಡಬ್ಬಿ ಹೋಗ್ತಿದ್ದವು. ಅಳಿಯ ಫೋನ್ ಮಾಡೋದು ನಿಂತಿತು. ಬಿಸ್ಕತ್ತು ಹೇಗಿತ್ತು ಅಂತ ಕೇಳಿದ್ರೆ ಮಗಳು, "ಚೆನ್ನಾಗಿತ್ತಮ್ಮ, ಎಲ್ಲರೂ ತಿಂದ್ರು," ಅಂತಿದ್ದಳು.

ಮಗಳಿಗೆ ಹುಷಾರಿಲ್ಲ ಅಂತ ಹೆಂಗಸು ಒಂದು ಸಲ ಅವಳ ಮನೆಗೆ ಹೋದಳು. ಮಗಳು ಮಲಗಿದ್ದಳು. ಸಕ್ಕರೆ ಹುಡುಕ್ತಾ ಅಡುಗೆಮನೆಯ ಮೇಲಿನ ಕಪಾಟು ತೆಗೆದಳು. ಹಿಂದಿನ ಸಾಲಿನಲ್ಲಿ ಅವಳ ಡಬ್ಬಿಗಳಿದ್ದವು. ಆರು ಡಬ್ಬಿ. ಆರಕ್ಕೂ ಬಿಳಿ ಬಟ್ಟೆ, ಬಾಳೆನಾರು. ಹೂ ಕಟ್ಟೋ ಗಂಟು ಅವಳು ಹಾಕಿದ ಹಾಗೇ ಇತ್ತು. ಆ ಗಂಟನ್ನ ಒಂದು ಸಲ ಬಿಚ್ಚಿದ್ರೆ ಆ ಮನೆಯವರ್ಯಾರಿಗೂ ತಿರುಗಿ ಹಾಕೋಕೆ ಬರ್ತಿರಲಿಲ್ಲ.

ಒಂದು ಡಬ್ಬಿ ಕೆಳಗಿಳಿಸಿ ಗಂಟು ಬಿಚ್ಚಿದಳು. ಬಿಸ್ಕತ್ತನ್ನ ಮೂಸಿದಳು. ಮೂಗಿಗೆ ಏನೂ ತಪ್ಪು ಕಾಣಲಿಲ್ಲ. ಮುರಿದು ನೋಡಿದಳು. ಪದರ ಸರಿಯಾಗಿತ್ತು. ಬಾಯಿ ಹತ್ತಿರ ತಂದಳು. ಐವತ್ತು ವರ್ಷ ಬಾಯಿಗೆ ಹಾಕದೇ ಇದ್ದಿದ್ದು. ಅವತ್ತೂ ಹಾಕಲಿಲ್ಲ.

ಮಗಳ ಹಾಸಿಗೆ ಹತ್ತಿರ ಹೋಗಿ ಕೂತಳು.

"ಹೋದ ತಿಂಗಳ ಬಿಸ್ಕತ್ತು ಹೇಗಿತ್ತೇ?" ಅಂತ ಕೇಳಿದಳು.

"ಚೆನ್ನಾಗಿತ್ತಮ್ಮ," ಅಂದಳು ಮಗಳು. "ಅವರಂತೂ ಒಬ್ಬರೇ ಅರ್ಧ ಡಬ್ಬಿ ಖಾಲಿ ಮಾಡಿದ್ರು."

ಹೆಂಗಸು ಎದ್ದು ಹೋಗಿ ಡಬ್ಬಿಗೆ ಬಟ್ಟೆ ಕಟ್ಟಿ, ಅದೇ ಗಂಟು ಹಾಕಿ, ಅದೇ ಜಾಗದಲ್ಲಿಟ್ಟಳು.

ಊರಿಗೆ ಬಂದ ಮಾರನೇ ದಿನ ಒಂದು ಟ್ರೇ ಮಾಡಿದಳು. ಆರು ಬಿಸ್ಕತ್ತು ತಟ್ಟೆಗೆ ಹಾಕ್ಕೊಂಡು ರಸ್ತೆ ದಾಟಿ ಎದುರು ಮನೆಗೆ ಹೋದಳು. ಎದುರು ಮನೆಯವಳು ಬಾಗಿಲು ತೆಗೆದಳು, ಕೂರೋಕೆ ಹೇಳಿದಳು, ನೀರು ತಂದುಕೊಟ್ಟಳು.

"ಏನೋ ತಪ್ಪಾಗ್ತಿದೆ. ಏನು ಅಂತ ನಂಗೆ ಗೊತ್ತಾಗಲ್ಲ. ನೀವು ಹೇಳಬೇಕು. ಏನು ಬೇಕಾದ್ರೂ ಅನ್ನಿ," ಅಂದಳು ಹೆಂಗಸು.

ಎದುರು ಮನೆಯವಳು ಒಂದು ಬಿಸ್ಕತ್ತು ತಗೊಂಡಳು. ಪೂರ್ತಿ ತಿಂದಳು. ಕೆಳಗೆ ಬಿದ್ದ ಪುಡಿಯನ್ನೂ ಆರಿಸಿ ತಿಂದಳು.

"ಚೆನ್ನಾಗಿದೇರೀ," ಅಂದಳು. "ನಿಮ್ಮ ಕೈ ಬಗ್ಗೆ ಹೇಳೋಕೆ ನಾನ್ಯಾರು?"

ಹೆಂಗಸು ತಟ್ಟೆ ಅಲ್ಲೇ ಬಿಟ್ಟು ಮನೆಗೆ ಬಂದಳು.

ಮಾಮಿ ಇಷ್ಟು ಹೇಳಿ ನಿಲ್ಲಿಸಿದ್ರು.

ಬಾಣಲೆಯಲ್ಲಿ ಬೆಳ್ಳುಳ್ಳಿ ತುದಿ ಬಣ್ಣ ತಿರುಗ್ತಾ ಇತ್ತು. ಇಳಿಸಿ ಮಾಮಿ ಅಂದಿದ್ರೆ ಮುಗೀತಿತ್ತು. ಎರಡೇ ಮಾತು. ಬಾಯಿವರೆಗೂ ಬಂತು. ಅಷ್ಟರಲ್ಲಿ ಓವನ್ ಗಂಟೆ ಹೊಡೀತು. ಮಾಮಿ ಎದ್ದು ಟ್ರೇ ಹೊರಗೆ ತೆಗೆದ್ರು. ಬಿಸ್ಕತ್ತುಗಳನ್ನ ಒಂದೊಂದೇ ಬೆರಳಲ್ಲಿ ಒತ್ತಿ ನೋಡಿದ್ರು. ಅವರಿಗೆ ಅವಸರ ಇರಲಿಲ್ಲ. ಆಮೇಲೆ ಬಾಣಲೆ ಮೇಲೆ ಬಗ್ಗಿ ಉಸಿರೆಳೆದುಕೊಂಡ್ರು.

"ಈಗ ಬಂತು ಘಮ," ಅಂತ ಇಳಿಸಿದ್ರು. ಬೆಳ್ಳುಳ್ಳಿ ಕೆಂಪಾಗಿತ್ತು.

ಬ್ರಷ್ಷಿನಿಂದ ಬಿಸ್ಕತ್ತುಗಳ ಮೇಲೆ ಬೆಣ್ಣೆ ಸವರಿದ್ರು. ಒಂದನ್ನ ತಟ್ಟೆಗೆ ಹಾಕಿ ನನ್ನ ಮುಂದೆ ಇಟ್ರು. ಪಕ್ಕದ ಮೇಜಿನ ಮೇಲೆ ಒಂದು ಖಾಲಿ ಡಬ್ಬಿ ಇತ್ತು. ಮಡಿಸಿದ ಬಿಳಿ ಬಟ್ಟೆ ಇತ್ತು. ನೀರಲ್ಲಿ ನೆನೆಹಾಕಿದ ಬಾಳೆನಾರು ಇತ್ತು. ಆರು ಶನಿವಾರಾನೂ ಅವು ಅಲ್ಲೇ ಇರ್ತಿದ್ದವು. ನಾನು ಅವತ್ತೇ ನೋಡಿದ್ದು.

"ಆಮೇಲೆ ಆ ಹೆಂಗಸು ಏನು ಮಾಡಿದಳು ಮಾಮಿ?" ಅಂತ ಕೇಳಿದೆ.

"ಬೇರೆ ಒಂದು ನಾಲಿಗೆ ಹುಡುಕಿಕೊಂಡಳು," ಅಂದ್ರು ಮಾಮಿ. "ಅದೂ ಐದು ಶನಿವಾರದಿಂದ ಚೆನ್ನಾಗಿದೆ ಅಂತಾನೇ ಇದೆ."



ಮಾಮಿ ಚಾಕು ತೊಳೆದ್ರು. ಮಣೆ ತೊಳೆದು ಗೋಡೆಗೆ ಒರಗಿಸಿಟ್ರು. ಇದನ್ನ ಯಾರ ಹತ್ರಾನೂ ಹೇಳಬೇಡ ಅಂತ ಆಗಲೇ ಹೇಳಿದ್ದು. ಅವರ ದನಿಯಲ್ಲಿ ಸಿಟ್ಟಿರಲಿಲ್ಲ. ತಂತಿ ಮೇಲಿಂದ ಟವೆಲ್ ತಗೊಂಡು ಬಚ್ಚಲಿಗೆ ಹೋಗಿ ಬಾಗಿಲು ಹಾಕಿಕೊಂಡ್ರು. ಒಳಗೆ ಬಕೀಟಿಗೆ ನೀರು ಬಿಟ್ಟ ಸದ್ದಾಯ್ತು.

ನಾನು ಬಿಸ್ಕತ್ತು ತಿಂದೆ. ಪದರ ಪದರವಾಗಿತ್ತು. ಉಪ್ಪು ಸರಿಯಾಗಿತ್ತು. ನುಂಗಿದ ಮೇಲೆ ಕಹಿ ಬಂತು.

ತಟ್ಟೆ ಕೆಳಗಿಟ್ಟು ಬಚ್ಚಲ ಬಾಗಿಲ ಹತ್ತಿರ ಹೋದೆ. ಒಂದು ಸಲ ತಟ್ಟಿದೆ.

"ಮಾಮಿ," ಅಂದೆ. "ಕಹಿ ಇದೆ ಮಾಮಿ. ಮೊದಲನೇ ವಾರದಿಂದಾನೂ ಇದೆ. ಬೆಳ್ಳುಳ್ಳಿ ಕೆಂಪಾಗೋಕೆ ಬಿಡ್ತೀರಿ. ಘಮ ಬರೋವರೆಗೂ ಕಾಯಬೇಡಿ. ಬೆಳ್ಳಗಿರೋವಾಗಲೇ ಇಳಿಸಿಬಿಡಿ."

ಒಳಗೆ ನೀರು ಬೀಳ್ತಾನೇ ಇತ್ತು. ಕೇಳಿಸಲಿಲ್ಲವೇನೋ ಅಂತ ಇನ್ನೊಂದು ಸಲ ತಟ್ಟಿದೆ. ಇನ್ನೊಂದು ಸಲ ಹೇಳಿದೆ. ಈ ಸಲ ಜೋರಾಗಿ ಹೇಳಿದೆ. ನಾನು ಅಷ್ಟು ಜೋರಾಗಿ ಮಾತಾಡಿದ್ದು ಅದೇ ಮೊದಲು.

ನೀರಿನ ಸದ್ದು ನಿಂತಿತು. ಕಾದೆ. ಹೊರಗೆ ಅಪ್ಪನ ಸ್ಕೂಟರ್ ಹಾರ್ನ್ ಎರಡು ಸಲ ಕೇಳಿಸಿತು. ನಾನು ಅಲ್ಲೇ ನಿಂತಿದ್ದೆ. ಬಾಗಿಲು ಹಾಕೇ ಇತ್ತು.